ಎರಡನೆಯ ಗುಂಡಿಗೆ ಮಸಿ ಬಳಿದ ನಾಣಯ್ಯನವರು

ಭಾರತೀಯ ಚಲನಚಿತ್ರರಂಗದಲ್ಲಿ ಮುಖ ತೋರಿಸಿ ಹೆಸರಾದವರು ಬಹಳ. ಕತ್ತಲ ಕೋಣೆಯಲ್ಲಿ ಕತ್ತರಿ ಹಿಡಿದು, ಬಿಡಿ ತುಣುಕುಗಳನ್ನು ಕಥೆಯಾಗಿಸಿ ಹೆಸರಾದವರು ಕೆಲವರೇ. ಮುಂಬಯಿಯ ಸ್ಟುಡಿಯೋದಿಂದ ಈ ವರ್ಷ ನಿವೃತ್ತರಾಗುತ್ತಿರುವ ಕೊಡಗಿನ ಕಕ್ಕಬೆಯ ಶ್ರೀ ನಾಣಯ್ಯನವರು ಆ ಕೆಲವರಲ್ಲಿ ಅಗ್ರಗಣ್ಯರು. ಮೂಕಿಯ ಕಾಲದಲ್ಲಿ ಸೇರಿ ಟಾಕಿಯ ಕಾಲಕ್ಕೆ ಮುಖ್ಯ ಸಂಕಲನಕಾರರಾದ ಅವರ ಕೈಕೆಳಗೆ ದುಡಿದ ಭಾಗ್ಯ ನನ್ನದು. ಫಿಲ್ಮಿಗೆ ಬೆಂಕಿ ತಗುಲಿ ನನ್ನ ಕೈ ಸುಟ್ಟಾಗ, ನನ್ನ ಪಾಲಿನ ಕೆಲಸವನ್ನೂ ತಾವೇ ಮಾಡಿ, ಚಿತ್ರದಲ್ಲಿ ನನ್ನ ಹೆಸರನ್ನೇ ಹಾಕಿಸಿದವರು ಅವರು. ಬೈಯುವುದರಲ್ಲೂ ಅಷ್ಟೇ ಧಾರಾಳಿಗಳೆಂಬುದನ್ನು ಮುಚ್ಚಿಡಲಾರೆ.

ಅವರ ಚಿತ್ರವೊಂದು ಮಡಿಕೇರಿಯ ಡೇರೆ ಸಿನಿಮಾಕ್ಕೆ ಬಂದ ದಿನ ನಾನು ಜೊತೆಗಿದ್ದೆ. ಆಟ ಶುರುವಾಗಿತ್ತು; ನಾವು ಹಿಂದೆ ಯಂತ್ರದ ಬಳಿ ನಿಂತಿದ್ದೆವು. ಮುಂದಿನ ಸಾಲಿಗೆ ಅವರ ತಾಯಿ ಬೆಳ್ಳಮ್ಮನವರು, ದಿನ ತುಂಬಿದ ಮಗಳು ನೀಲಾವತಿಯವರನ್ನು ಕೈಹಿಡಿದು ಕರೆತಂದರು. ಹಿಂದಿನ ಹೆರಿಗೆಯಲ್ಲಿ ಕೂಸನ್ನು ಕಳೆದುಕೊಂಡಿದ್ದ ತಂಗಿಯನ್ನು ಕಂಡೊಡನೆ ನಾಣಯ್ಯನವರ ಮುಖ ಬಿಳಿಚಿತು. ಚಿತ್ರದ ಕೊನೆಯ ರೀಲಿನಲ್ಲಿ ಗಂಡುಮಗು ಹುಟ್ಟಿದಾಗ ಮನೆಯವರು ಕೋವಿ ಹಾರಿಸುತ್ತಾರೆ. ಒಂದು ಗುಂಡು ಸಪ್ಪೆಯೆನಿಸಿ ಇವರೇ ಇನ್ನೊಂದರ ಸದ್ದನ್ನು ಸೇರಿಸಿದ್ದರು. ಕೊಡಗಿನಲ್ಲಿ ಗಂಡು ಹುಟ್ಟಿದರೆ ಒಂದು ಗುಂಡು; ಅದರ ಬೆನ್ನಿಗೇ ಇನ್ನೊಂದು ಹಾರಿದರೆ ಸಾವು. ಮುಂಬಯಿಯ ವಾಸದಲ್ಲಿ ಅವರಿಗೆ ಅದು ಮರೆತೇ ಹೋಗಿತ್ತು.

"ತಂಗಿಯವರನ್ನ ಮನೆಗೆ ಕಳಿಸೋಣ್ವಾ ಸಾರ್?" ಎಂದೆ.

"ಅವಳೊಬ್ಬಳೇನಾ? ಡೇರೆ ತುಂಬ ನಮ್ಮೋರೇ ಮಾರಾಯ. ಮಸಿ ತಾ, ಬೇಗ!"

ಫಿಲ್ಮಿನ ಅಂಚಿನಲ್ಲಿ ಧ್ವನಿಯ ಪಟ್ಟಿಯಿರುತ್ತದೆ. ಅದಕ್ಕೆ ಕಪ್ಪು ಬಳಿದರೆ ಸದ್ದು ಅಡಗುತ್ತದೆ. ಯಂತ್ರ ನಡೆಸುವ ಬೋಜ, "ಸ್ವಾಮಿ, ಈ ರೀಲು ಮುಗೀತಾ ಬಂತು, ಕೊನೇದು ಕೊಡಿ!" ಎಂದು ಅವಸರಿಸುತ್ತಿದ್ದ. ಹಸಿ ಮಸಿ ಹರಡಿದರೆ ಮೊದಲ ಗುಂಡೂ ಹೋಗುತ್ತಿತ್ತು. ನಾಣಯ್ಯನವರು ಕೊನೆಯ ರೀಲಿನಲ್ಲಿ ಎರಡನೆಯ ಗುಂಡಿನ ಜಾಗಕ್ಕಷ್ಟೇ ಮಸಿ ಬಳಿದು, ಬಾಯಿಂದ ಊದಿ ಊದಿ ಒಣಗಿಸಿದರು. ಬೆರಳಿನಿಂದ ಮುಟ್ಟಿ ನೋಡಿ ರೀಲನ್ನು ಬೋಜನ ಕೈಗಿತ್ತರು.

ಗುಂಡು ಹಾರಿತು. ನೀಲಾವತಿಯವರು ಹೊಟ್ಟೆಯ ಮೇಲೆ ಕೈಯಿಟ್ಟು ಕಾದರು; ಇಡೀ ಡೇರೆ ಎರಡನೆಯದಕ್ಕೆ ಕಿವಿಗೊಟ್ಟು ಕಾಯಿತು. ಕೇಳಲಿಲ್ಲ. "ಗಂಡು ಕಣೇ!" ಎಂದು ಬೆಳ್ಳಮ್ಮನವರು ಮಗಳ ಬೆನ್ನು ತಟ್ಟಿದರು. ನಾಣಯ್ಯನವರು ಯಂತ್ರದ ಪಕ್ಕ ನೆಲದ ಮೇಲೆಯೇ ಕುಳಿತು ಅತ್ತುಬಿಟ್ಟರು. ಆ ವಾರ ಹುಟ್ಟಿದ ಸೋದರಳಿಯ ಈಗ ಶಾಲೆಗೆ ಹೋಗುತ್ತಾನೆ.

ಮೂಲ ಪ್ರತಿಯನ್ನು ತಿದ್ದಲು ಮಾಲೀಕರು ಒಪ್ಪಲಿಲ್ಲ. ಹೀಗಾಗಿ ಲಾಹೋರಿನಿಂದ ಕೊಲಂಬೊವರೆಗೆ ಓಡುತ್ತಿರುವ ಉಳಿದ ಪ್ರತಿಗಳಲ್ಲೆಲ್ಲ ಆ ಚಿತ್ರದ ಕೂಸು ಹುಟ್ಟಿದೊಡನೆ ಸಾಯುತ್ತಿದೆ. ಬದುಕಿರುವುದು ನಮ್ಮ ಸೀಮೆಯಲ್ಲಿ ಮಾತ್ರ. ನಿವೃತ್ತರಾದ ಮೇಲೆ ನಾಣಯ್ಯನವರು ಒಂದೊಂದು ಪ್ರತಿಯನ್ನೂ ಹುಡುಕಿಕೊಂಡು ಹೋಗಿ ಮಸಿ ಬಳಿದು ಬರುತ್ತಾರಂತೆ. ಅಷ್ಟೂ ಊರು ಸುತ್ತಿ ಅಷ್ಟೂ ಕೂಸುಗಳನ್ನು ಉಳಿಸುವಷ್ಟು ಆಯುಸ್ಸನ್ನು, ಕಾಲಿನ ಕಸುವನ್ನು ನಮ್ಮ ಕೊಡಗಿನ ದೇವರು ಇಗ್ಗುತ್ತಪ್ಪ ಅವರಿಗೆ ಕೊಡಲಿ.