ರೈಟಕ್ಕ ವೃಂದದ ಮುಂದೆ ನಿಂತದ್ದು

ಬಸ್ಸಿನ ಹಿಂಬಾಗಿಲ ಪಕ್ಕದ ಕಂಬಕ್ಕೆ ಬೆನ್ನು ಕೊಟ್ಟು ನಿಲ್ಲುವುದು ಅವಳ ಅಭ್ಯಾಸ. ಬಸ್ಸು ಎಷ್ಟೇ ಕುಲುಕಾಡಲಿ, ಪಾದಗಳನ್ನು ತುಸು ಅಗಲಿಸಿ ನಿಂತರೆ ಮುಗಿಯಿತು. ಯಾರ ಕೈಯಲ್ಲಿ ಮಗುವಿದೆ, ಯಾರು ಟಿಕೆಟ್ ತೆಗೆದುಕೊಳ್ಳದೆ ಕಿಟಕಿಯಾಚೆ ನೋಡುವ ನಾಟಕ ಮಾಡುತ್ತಿದ್ದಾರೆ, ಯಾರಿಗೆ ನಿದ್ದೆ ಹತ್ತಿದೆ, ಎಲ್ಲ ಅಲ್ಲಿಂದಲೇ ಕಾಣುತ್ತಿತ್ತು. ಕೊನೆಯವರ ಎರಡನೆಯ ಕಾಲೂ ಮೆಟ್ಟಿಲ ಮೇಲೆ ಊರಿದ ಮೇಲೆಯೇ ಅವಳು "ರೈಟ್" ಅನ್ನುತ್ತಿದ್ದದ್ದು. ದೊಡ್ಡ ದನಿಯಲ್ಲ, ಆದರೆ ಮುಂದೆ ಸ್ಟಿಯರಿಂಗ್ ಹಿಡಿದು ಕೂತ ಡ್ರೈವರಿಗೆ ಎಂಥ ಗದ್ದಲದಲ್ಲೂ ಕೇಳುವಂಥದ್ದು. ಡಿಪೋದವರು ಅವಳನ್ನು ರೈಟಕ್ಕ ಅಂತ ಕರೆದರು, ಪ್ರಯಾಣಿಕರೂ ಕಲಿತರು. ಡ್ರೈವರಿಗೆ ಅವಳು ಪೈಲಟ್ ಅಂತ ಹೆಸರಿಟ್ಟಳು. ಬಹಳ ವರ್ಷ ಅವರಿಬ್ಬರದೂ ಒಂದೇ ಬಸ್ಸು.

ಅವಳ ಮನೆ ಒಂದು ಕಟ್ಟಡದ ಮೂರನೆಯ ಮಹಡಿಯಲ್ಲಿ. ಜೊತೆಗಿದ್ದವರು ಅಣ್ಣ ಮತ್ತು ಅತ್ತಿಗೆ. ಅಣ್ಣ ಕನ್ನಡಕದ ಅಂಗಡಿಯಲ್ಲಿ ಗಾಜು ಉಜ್ಜುವವನು, ಮಾತು ಕಡಿಮೆ. ಅತ್ತಿಗೆಗೆ ಮಾತೇ ಕಸುಬು. ಅವಳು ನಿಘಂಟು ಕಚೇರಿಯಲ್ಲಿ ಪದಗಳಿಗೆ ಅರ್ಥ ಬರೆಯುತ್ತಿದ್ದಳು. ಹಳೆಯ ನಿಘಂಟನ್ನು ತಿದ್ದಿ ಹೊಸದಾಗಿ ಅಚ್ಚು ಹಾಕಿಸುವ ಕೆಲಸ ಆಗ ನಡೆದಿತ್ತು. ಮುಂದಾಳ್ತನಕ್ಕೆ ಸಂಬಂಧಪಟ್ಟ ಪದಗಳೆಲ್ಲ ಅತ್ತಿಗೆಯ ಪಾಲಿಗೆ ಬಂದಿದ್ದವು: ನಾಯಕ, ಯಜಮಾನ, ನಿರ್ದೇಶಕ, ಮುಖಂಡ, ಬಾಸು, ಲೀಡರು. ಪುಸ್ತಕದಲ್ಲಿರುವ ಅರ್ಥದ ಪಕ್ಕದಲ್ಲೇ ಜನ ಬಾಯಲ್ಲಿ ಬಳಸುವ ಅರ್ಥವನ್ನೂ ಕೊಡಬೇಕೆಂಬುದು ಅವಳ ಹಟ. ಕಚೇರಿಯಲ್ಲಿ ಕೂತರೆ ಆ ಅರ್ಥಗಳು ಸಿಗುವುದಿಲ್ಲವಲ್ಲ. ಹಾಗಾಗಿ ನಾದಿನಿ ಬಸ್ಸು ಇಳಿದು ಬಂದು ಕಾಲು ಚಾಚಿದ ಕೂಡಲೇ, ಇವತ್ತು ಏನು ಸಿಕ್ಕಿತು ಅಂತ ಕೇಳುತ್ತಿದ್ದಳು, ಸಂತೆಯಿಂದ ಬಂದವರನ್ನು ಕೇಳುವ ಹಾಗೆ.

ರೈಟಕ್ಕ ಹೇಳುತ್ತಿದ್ದಳು. ಬಸ್ಸಿನಲ್ಲಿ 'ಬಾಸ್' ಅಂದರೆ ಹೆಸರು ಗೊತ್ತಿಲ್ಲದ, ಕಾಲು ತುಳಿದ ಮನುಷ್ಯ. 'ಗುರು' ಅಂದರೆ ಗೆಳೆಯ. ಆದರೆ ಅದೇ ಪದವನ್ನು ಸ್ವಲ್ಪ ಎಳೆದರೆ ಜಗಳ ಶುರುವಾಗುತ್ತದೆ ಅಂತ ಅರ್ಥ. ಕೋಲೂರಿಕೊಂಡು ಬರುವ ಯಾವ ಮುದುಕರಾದರೂ ಸರಿ, ಸೀಟು ಬಿಟ್ಟುಕೊಡುವಾಗ ಅವರು 'ಯಜಮಾನ್ರು'. ತಾನು ಬಾಗಿಲಲ್ಲೇ ಬೇರೂರಿಕೊಂಡು ಉಳಿದವರಿಗೆಲ್ಲ ಒಳಗೆ ಹೋಗಿ ಅಂತ ಹುಕುಂ ಮಾಡುವವನು 'ಲೀಡರು'.

ಅತ್ತಿಗೆಗೆ ಖುಷಿಯೋ ಖುಷಿ. ಬದಲಿಗೆ ಅವಳೂ ಒಂದೊಂದು ಪದದ ಹುಟ್ಟು ಹೇಳುತ್ತಿದ್ದಳು. ಯಜಮಾನ ಅಂದರೆ ಮೊದಲಿಗೆ ಯಜ್ಞ ಮಾಡಿಸುವವನಂತೆ, ಆಮೇಲೆ ಒಡೆಯ, ಆಮೇಲೆ ಗಂಡ. ಇದನ್ನು ಕೇಳಿದ ಅಣ್ಣ ತಟ್ಟೆಯಿಂದ ತಲೆಯೆತ್ತದೆ, ಈ ಮನೆಯಲ್ಲಿ ಆ ಪದಕ್ಕೆ ಪಾತ್ರೆ ತೊಳೆಯುವವನು ಅಂತಲೂ ಸೇರಿಸಿಬಿಡು ಅಂದ.

ವಾರದ ರಜೆಯ ಮಧ್ಯಾಹ್ನ ರೈಟಕ್ಕ ಗ್ರಂಥಾಲಯದ ಮೇಲಂತಸ್ತಿಗೆ ಹೋಗುತ್ತಿದ್ದಳು. ಅಲ್ಲಿ ಒಂದು ವೃಂದಗಾನದ ಗುಂಪಿತ್ತು. ಹಾಡುವುದು ಯಾರಿಗೂ ಹೊಟ್ಟೆಪಾಡಲ್ಲ. ದರ್ಜಿ, ನರ್ಸು, ಬ್ಯಾಂಕಿನಿಂದ ನಿವೃತ್ತರಾದ ಮ್ಯಾನೇಜರು, ಹೀಗೆ ಯಾರ್ಯಾರೋ. ಮಡಚುವ ಕುರ್ಚಿಗಳು, ಕಾಲು ಸವೆದು ವಾಲಿದ ಒಂದು ಹಾರ್ಮೋನಿಯಂ, ಗೋಡೆಯುದ್ದಕ್ಕೂ ಯಾರೂ ಓದದ ದಪ್ಪ ಪುಸ್ತಕಗಳು. ಹಾಡು ಕಲಿಸುವ ಮೇಷ್ಟ್ರು ಮುಂದೆ ನಿಂತು ಕೈಯಾಡಿಸುತ್ತಿದ್ದರು. ರೈಟಕ್ಕ ಹಿಂದಿನ ಸಾಲಿನ ಕೊನೆಯಲ್ಲಿ ನಿಂತು ಹಾಡುತ್ತಿದ್ದಳು. ಅವಳದು ಅಂಥ ಹೇಳಿಕೊಳ್ಳುವ ಕಂಠವೇನಲ್ಲ; ಆದರೆ ತಾಳ ತಪ್ಪುತ್ತಿರಲಿಲ್ಲ.

ಗ್ರಂಥಾಲಯದ ಹೊಸ ಕಟ್ಟಡದ ಬಾಗಿಲು ತೆರೆಯುವ ದಿನ ಈ ಗುಂಪು ಹಾಡಬೇಕೆಂದು ನಿಶ್ಚಯವಾಗಿತ್ತು. ಅಷ್ಟರಲ್ಲಿ ಮೇಷ್ಟ್ರು ಬಚ್ಚಲಲ್ಲಿ ಜಾರಿಬಿದ್ದು ಬಲಗೈ ಮುರಿದುಕೊಂಡರು. ಮೊಣಕೈಯಿಂದ ಬೆರಳ ಬುಡದವರೆಗೆ ಪ್ಲಾಸ್ಟರು ಹಾಕಿಸಿಕೊಂಡೇ ಬಂದು, ಎಡಗೈಯಲ್ಲಿ ಪ್ರಯತ್ನಿಸಿದರು. ಎಡಗೈ ಅವರ ಮಾತು ಕೇಳಲಿಲ್ಲ. ಕುರ್ಚಿಯಲ್ಲಿ ಕುಸಿದು ಕೂತು, ಎಲ್ಲರ ಮುಖವನ್ನೂ ಒಂದು ಸುತ್ತು ನೋಡಿ, ಹಿಂದಿನ ಸಾಲಿನತ್ತ ಗದ್ದದಿಂದಲೇ ಸನ್ನೆ ಮಾಡಿದರು.

"ನೀನು ಬಾಮ್ಮ ಮುಂದಕ್ಕೆ. ನಿನ್ನ ಬಸ್ಸಲ್ಲಿ ದಿನಾ ಬರ್ತೀನಲ್ಲ, ನೋಡಿದೀನಿ. ಎಲ್ಲರೂ ಹತ್ತೋವರೆಗೂ ಕಾಯ್ತೀಯ. ಇಲ್ಲಿ ಬೇಕಾಗಿರೋದೂ ಅಷ್ಟೇ. ಇಂಗ್ಲಿಷಿನವರು ನಮ್ಮ ಈ ಕೆಲಸಕ್ಕೂ ಕಂಡಕ್ಟರ್ ಅಂತಲೇ ಅನ್ನೋದು, ಗೊತ್ತಾ?"

ಎಲ್ಲರೂ ನಕ್ಕರು, ಮ್ಯಾನೇಜರೊಬ್ಬರನ್ನು ಬಿಟ್ಟು. ರೈಟಕ್ಕ ಬೇಡವೆಂದಳು, ಕೈಮುಗಿದಳು, ದರ್ಜಿಯ ಹೆಸರು ಸೂಚಿಸಿದಳು. ಮೇಷ್ಟ್ರು ಜಪ್ಪಯ್ಯ ಅನ್ನಲಿಲ್ಲ.

ಮುಂದೆ ಬಂದು ನಿಂತ ಗಳಿಗೆಯಲ್ಲಿ ಅವಳಿಗೆ ಏನಾಯಿತೋ, ಬೆನ್ನಿಗೆ ಆನಿಕೊಳ್ಳಲು ಕಂಬವಿಲ್ಲದ್ದಕ್ಕೋ ಏನೋ, ಮೈಮೇಲೆ ಬೇರೆ ಯಾರೋ ಬಂದಂತಾಯಿತು. ನರ್ಸಿಗೆ ಬಾಯಿ ಇನ್ನೂ ಅಗಲ ತೆರೆಯಲು ಹೇಳಿದಳು. ದರ್ಜಿಗೆ ಕಾಲು ಕುಣಿಸಬೇಡ ಅಂದಳು. ಮ್ಯಾನೇಜರ ದನಿ ಗುಂಪಿಗೇ ತಳಪಾಯದಂಥದ್ದು, ಕೆಳಗಿನ ಸ್ವರಗಳನ್ನು ಅವರೊಬ್ಬರೇ ಹೊರುತ್ತಿದ್ದರು. ಅವರನ್ನೇ ನಿಲ್ಲಿಸಿ, ಎರಡನೆಯ ಚರಣದಲ್ಲಿ ಎಳೆಯುತ್ತಿದ್ದೀರಿ, ಹೀಗೆ ಹಾಡಿ ಅಂತ ತಾನೇ ಹಾಡಿ ತೋರಿಸಿದಳು. ಆ ಕೆಳಗಿನ ಸ್ವರ ಅವಳ ಗಂಟಲಿಗೆ ದಕ್ಕದೆ ಕಪ್ಪೆಯ ದನಿ ಹೊರಟಿತು. ಯಾರೂ ನಗಲಿಲ್ಲ. ನಕ್ಕಿದ್ದರೇ ಚೆನ್ನಾಗಿರುತ್ತಿತ್ತು.

ಮ್ಯಾನೇಜರು ಹಾಡಿನ ಹಾಳೆ ಮಡಚಿ ಜೇಬಿಗಿಟ್ಟರು. ನಾನು ಹಾಡೋದಕ್ಕೆ ಬಂದಿದ್ದೇನೆಯೇ ಹೊರತು ಟಿಕೆಟ್ ತಗೊಳ್ಳೋದಕ್ಕಲ್ಲ ಅಂತ ಮೆಲ್ಲಗೆ ಹೇಳಿ ಮೆಟ್ಟಿಲಿಳಿದು ಹೋದರು. ಮರುವಾರ ಅವರು ಬರಲಿಲ್ಲ. ಉಳಿದವರು ಅವಳು ಹೇಳಿದಂತೆಯೇ ಹಾಡಿದರು, ಒಂದಿಷ್ಟೂ ತಪ್ಪದೆ. ಕೇಳಿದರೆ ಮಗ್ಗಿ ಒಪ್ಪಿಸಿದಂತಿತ್ತು. ಮೇಷ್ಟ್ರು ಪ್ಲಾಸ್ಟರಿನ ಅಂಚನ್ನು ಉಗುರಿನಿಂದ ಕೆರೆಯುತ್ತ ಕೂತಿದ್ದರು.

ಆ ಸಂಜೆ ಅವಳು ಊಟಕ್ಕೆ ಏಳಲಿಲ್ಲ. ಅತ್ತಿಗೆ ಪಕ್ಕದಲ್ಲಿ ಬಂದು ಕೂತು ವಿಷಯ ಬಾಯಿಬಿಡಿಸಿದಳು. ಎಲ್ಲ ಕೇಳಿಸಿಕೊಂಡು, ಸಮಾಧಾನ ಹೇಳುವ ಬದಲು ಎಂದಿನಂತೆ ಪದಕ್ಕೇ ಹೋದಳು. ಅವಳಿಗೆ ಬರುತ್ತಿದ್ದ ಸಮಾಧಾನ ಅದೊಂದೇ.

"ಇವತ್ತು 'ಮುಂದಾಳು' ಮಾಡ್ತಿದ್ದೆ ಕಣೇ. ಕುರ್ಚಿ ಬಿಟ್ಟು ಏಳೋದಕ್ಕೇ ಆಗ್ಲಿಲ್ಲ. ಆಳು ಅಂದ್ರೆ ಹೇಳಿದ ಕೆಲಸ ಮಾಡೋನು. ಆಳು ಅಂದ್ರೆ ರಾಜ್ಯ ಆಳೋದೂ ಹೌದು. ಎರಡಕ್ಕೂ ಅದೇ ಅಕ್ಷರ. ಮುಂದಾಳು ಅಂದ್ರೆ ಮುಂದೆ ನಿಂತು ಆಳೋನೋ, ಎಲ್ಲರಿಗಿಂತ ಮುಂದೆ ಹೋಗಿ ದುಡಿಯೋ ಆಳೋ?"

"ಪುಸ್ತಕದಲ್ಲಿ ಏನಿದೆ ಅತ್ತಿಗೆ?"

"ಪುಸ್ತಕದಲ್ಲಿ 'ನಾಯಕ' ಅಂತಿದೆ. ನಾಯಕ ಅಂತ ತೆಗೆದ್ರೆ 'ಮುಂದಾಳು' ಅಂತಿದೆ. ಒಬ್ಬರ ಮನೆಗೆ ಹೋದ್ರೆ ಇನ್ನೊಬ್ಬರ ಮನೆ ತೋರಿಸ್ತಾರೆ."

ರೈಟಕ್ಕನಿಗೆ ನಗು ಬಂತು. ಎದ್ದು ಉಂಡಳು. ಉಣ್ಣುವಾಗ, ಕಂಡಕ್ಟರಿಗೆ ಕನ್ನಡದಲ್ಲಿ ಬರೆಯುವ 'ನಿರ್ವಾಹಕ'ಕ್ಕೆ ಏನರ್ಥ ಅಂತ ಕೇಳಿದಳು. ಇಷ್ಟು ವರ್ಷ ಅಂಗಿಯ ಮೇಲಿನ ಬಿಲ್ಲೆಯಲ್ಲಿ ಅದನ್ನು ಹೊತ್ತುಕೊಂಡು ತಿರುಗಿದ್ದರೂ ಕೇಳಬೇಕೆಂದು ತೋಚಿರಲಿಲ್ಲ. ಹೊತ್ತದ್ದನ್ನು ಕೊನೆ ಮುಟ್ಟಿಸುವವರು ಅಂತ ಅತ್ತಿಗೆ ಹೇಳಿದಳು. ಹಾಗಾದರೆ ಅದರಲ್ಲಿ ಅಪ್ಪಣೆ ಕೊಡುವುದು ಎಲ್ಲೂ ಇಲ್ಲವಲ್ಲ ಅಂದಳು ಇವಳು.

ಮರುದಿನ ಕೊನೆಯ ನಿಲ್ದಾಣದಲ್ಲಿ ಬಸ್ಸು ನಿಂತಾಗ ಪೈಲಟ್ ಬುತ್ತಿ ಬಿಚ್ಚಿದ್ದ. ಅವಳು ಮುಂದಿನ ಸೀಟಿಗೆ ಹೋಗಿ ಕೂತು, ಹಾಡಿನ ಗುಂಪಿನಲ್ಲಿ ಆದದ್ದನ್ನು ಹೇಳಿದಳು. ಪೈಲಟ್ ಬಾಯಲ್ಲಿದ್ದ ತುತ್ತು ನುಂಗಿ ಯೋಚಿಸಿದ.

"ಅಕ್ಕಾ, ಇಷ್ಟು ವರ್ಷದಲ್ಲಿ ಗೇರು ಹೀಗೆ ಹಾಕು, ಬ್ರೇಕು ಹಾಗೆ ಒತ್ತು ಅಂತ ನೀವು ಒಂದಿನಾನೂ ಹೇಳಿಲ್ಲ. ಅದಕ್ಕೇ ನೀವು ರೈಟ್ ಅಂದ್ರೆ ಹಿಂದೆ ತಿರುಗಿ ನೋಡದೇ ಹೊರಡ್ತೀನಿ."

ಅಷ್ಟು ಹೇಳಿ ಅವನು ಉಪ್ಪಿನಕಾಯಿಯ ಕಡೆ ಗಮನ ಕೊಟ್ಟ.

ಮ್ಯಾನೇಜರ ಮನೆ ಅವಳ ಬಸ್ಸಿನ ದಾರಿಯಲ್ಲೇ. ಅವರು ಯಾವಾಗಲೂ ಮುಂಬಾಗಿಲಿನಿಂದ ಹತ್ತಿ ಕಿಟಕಿ ಪಕ್ಕ ಕೂರುವವರು. ಆ ವಾರ ಒಂದು ಬೆಳಿಗ್ಗೆ ಹತ್ತಿದರು, ಅವಳನ್ನು ಕಂಡು ಮುಖ ಆಚೆ ತಿರುಗಿಸಿದರು. ಅವಳು ಟಿಕೆಟ್ ಕೊಟ್ಟು ಅಲ್ಲಿಯೇ ನಿಂತಳು.

"ಸರ್, ನಿಮಗೆ ಹಾಡೋದು ಹೇಳಿಕೊಡೋಕೆ ಬಂದಿದ್ದು ನನ್ನ ತಪ್ಪು. ಎಲ್ಲಿ ಹೊರಡಬೇಕು, ಎಲ್ಲಿ ನಿಲ್ಲಬೇಕು, ಅಷ್ಟು ನಾನು ನೋಡ್ಕೋತೀನಿ. ನಡುವಿನ ದಾರಿ ನಿಮ್ಮದು. ನೀವಿಲ್ದೇ ಹಾಡಿಗೆ ನೆಲಾನೇ ಇಲ್ಲ."

ಅವರು ಕಿಟಕಿಯಿಂದ ಮುಖ ಈಚೆ ತಿರುಗಿಸಿದರು. ಬ್ಯಾಂಕಿನಲ್ಲಿದ್ದಾಗ ಎಲ್ಲರೂ ಸಾಹೇಬರೇ ಅನ್ನುತ್ತಿದ್ದರಂತೆ. ಅದು ಮರ್ಯಾದೆಗೋ ಹೆದರಿಕೆಗೋ ಅಂತ ಆಗ ಕೇಳಿಕೊಳ್ಳಲಿಲ್ಲವಂತೆ. ಈಗ ಮನೆಯಲ್ಲಿ ಮೊಮ್ಮಗಳು ಬಾಸ್ ಅಂತ ಕರೆದು ಬೆನ್ನು ಹತ್ತುತ್ತಾಳೆ, ಅದೇ ಹಿತವಾಗಿದೆ ಅಂದರು. ಹಾಡಿನ ಬಗ್ಗೆ ಒಂದು ಮಾತೂ ಇಲ್ಲ. ಇಳಿಯುವಾಗ ಮಾತ್ರ, ಎರಡನೆಯ ಚರಣದಲ್ಲಿ ನಿಜವಾಗಿಯೂ ಎಳೀತೀನಾ ಅಂತ ಕೇಳಿದರು. ಸ್ವಲ್ಪ ಅಂತ ಅವಳು ಹೇಳಿದಳು. ಅವರು ತಲೆಯಾಡಿಸಿ ಇಳಿದರು.

ಮುಂದಿನ ಅಭ್ಯಾಸಕ್ಕೆ ಎಲ್ಲರಿಗಿಂತ ಮೊದಲು ಬಂದು ಕುರ್ಚಿ ಜೋಡಿಸುತ್ತಿದ್ದವರು ಅವರೇ. ಆ ದಿನ ರೈಟಕ್ಕ ಬಾಯಿ ತೆರೆದದ್ದು ಬಹಳ ಕಡಿಮೆ. ಎಲ್ಲರ ಉಸಿರು ಒಳಗೆ ಹೋಗುವವರೆಗೆ ಕಾದು ಕೈಯೆತ್ತಿದಳು, ಅಷ್ಟೇ. ಎಲ್ಲಿ ತೊಡರಿದರೋ ಅಲ್ಲಿ ನಿಲ್ಲಿಸಿ, ಇಲ್ಲಿ ಏನು ಮಾಡೋಣ ಅಂತ ಅವರನ್ನೇ ಕೇಳಿದಳು. ನರ್ಸು ಒಂದು ಹೇಳಿದಳು, ದರ್ಜಿ ಇನ್ನೊಂದು ಹೇಳಿದ, ಸ್ವಲ್ಪ ವಾದವೂ ಆಯಿತು. ಆಮೇಲೆ ಹಾಡಿದಾಗ ಹಾಡು ಎದ್ದು ನಡೆಯಿತು. ಮೇಷ್ಟ್ರು ಪ್ಲಾಸ್ಟರು ಕೆರೆಯುವುದನ್ನು ಬಿಟ್ಟು ಕಣ್ಣು ಮುಚ್ಚಿ ಕೇಳಿದರು.

ಕಾರ್ಯಕ್ರಮದ ದಿನ ಹೊಸ ಕಟ್ಟಡದಲ್ಲಿ ಇನ್ನೂ ಬಣ್ಣದ ವಾಸನೆ. ಭಾಷಣಗಳು ಉದ್ದವಾಗಿ, ಜನ ಆಕಳಿಸುವ ಹೊತ್ತಿಗೆ ಇವರ ಸರದಿ ಬಂತು. ಅತ್ತಿಗೆ, ಅಣ್ಣ, ಪೈಲಟ್ ಮೂವರೂ ಒಂದೇ ಸಾಲಿನಲ್ಲಿದ್ದರು. ರೈಟಕ್ಕ ಕೈಯೆತ್ತಿದಳು, ಹಿಂದೆ ಯಾರೋ ಕುರ್ಚಿ ಎಳೆದರು, ತಡವಾಗಿ ಬಂದವರೊಬ್ಬರು ಜಾಗ ಹುಡುಕಿದರು. ಅವಳು ಎತ್ತಿದ ಕೈ ಇಳಿಸದೆ ಕಾದಳು. ಅವರು ಕೂತರು. ತನಗರಿವಿಲ್ಲದೆಯೇ ಅವಳ ಬಾಯಿಂದ ಮೆಲ್ಲಗೆ "ರೈಟ್" ಅಂತ ಹೊರಟುಬಿಟ್ಟಿತು. ಸಭೆಯ ಮುಂದಿನ ಸಾಲುಗಳು ನಕ್ಕವು. ಆ ನಗುವಿನ ಮೇಲೆಯೇ ಹಾಡು ಎದ್ದಿತು, ಮ್ಯಾನೇಜರ ದನಿ ಕೆಳಗಿನಿಂದ ಎಲ್ಲವನ್ನೂ ಹೊತ್ತುಕೊಂಡು. ಎರಡನೆಯ ಚರಣದಲ್ಲಿ ಅವರು ಎಳೆಯಲಿಲ್ಲ. ಬದಲಿಗೆ ಒಂದು ಸಾಲೇ ಮರೆತರು. ಅವಳು ಗಾಬರಿಯಾಗದೆ ಅವರ ಕಣ್ಣಲ್ಲಿ ಕಣ್ಣಿಟ್ಟು ತುಟಿಯಾಡಿಸಿದಳು. ಮುಂದಿನ ಸಾಲಿಗೆ ಅವರು ಹತ್ತಿಕೊಂಡರು. ಯಾರಿಗೂ ಗೊತ್ತಾಗಲಿಲ್ಲ, ನರ್ಸಿನ ಹೊರತು.

ನಿಘಂಟಿನ ಸಮಿತಿಯವರು 'ಬಾಸು', 'ಗುರು' ಪದಗಳ ಆಡುಮಾತಿನ ಅರ್ಥಕ್ಕೆ ಒಪ್ಪಿದರು. 'ಲೀಡರು' ಪದದ ಬಗ್ಗೆ ಇನ್ನೂ ಜಗ್ಗಾಟ ನಡೆದಿದೆ. ಸಮಿತಿಯ ಅಧ್ಯಕ್ಷರು ಅದನ್ನು ತಮಗೇ ಹೇಳಿದ್ದು ಅಂದುಕೊಂಡಿರಬಹುದು ಎಂಬುದು ಅತ್ತಿಗೆಯ ಅನುಮಾನ.

ಮೇಷ್ಟ್ರ ಕೈ ಕೂಡಿಕೊಂಡಿತು. ತಾಳ ಹಾಕಿದರೆ ಸಂಜೆಗೆ ನೋಯುತ್ತದೆ ಅಂತ ಅವರು ಹೇಳುತ್ತಾರೆ, ನಿಜವೋ ನೆಪವೋ ಯಾರು ಕೇಳಬೇಕು. ಈಗ ಒಂದು ಹಾಡು ಅವರದು, ಒಂದು ಹಾಡು ಅವಳದು. ತನ್ನದಲ್ಲದ ಹಾಡಿಗೆ ಅವಳು ಹಿಂದಿನ ಸಾಲಿಗೆ ಹೋಗಿ ನಿಲ್ಲುತ್ತಾಳೆ, ಅಲ್ಲಿಯೂ ಅವಳಿಗೆ ಸುಖವೇ. ಹೋದ ವಾರ ಹೊಸ ಹಾಡೊಂದು ಬಂದಿದೆ. ಅದರ ಪಲ್ಲವಿ ಅಡ್ಡಾದಿಡ್ಡಿ, ಒಂದು ಕಡೆ ಉಸಿರು ತೆಗೆದುಕೊಳ್ಳುವುದಕ್ಕೂ ಜಾಗವಿಲ್ಲ. ಮ್ಯಾನೇಜರಿಗೂ ಅವಳಿಗೂ ಅದೇ ವಿಷಯಕ್ಕೆ ಬಸ್ಸಿನಲ್ಲಿ ಮಾತು ನಡೆಯುತ್ತಿರುತ್ತದೆ.