ಏಕನಾಥನ ಹೆಸರಿದ್ದ ಡಿಸ್ಕ್ ವರದಿ

ಮಯೂರ್ ವಿಹಾರದ ಏಕನಾಥನಿಗೆ ಸಿ.ಡಿ. ಡ್ರೈವ್‌ಗಳ ಮೇಲೆ ಕವಡೆಕಾಸಿನ ನಂಬಿಕೆ ಇರಲಿಲ್ಲ. ಗೀರು ಬಿದ್ದ ಡಿಸ್ಕನ್ನು ಓದಲಾಗದಿದ್ದರೆ ಕೆಲವು ಡ್ರೈವ್‌ಗಳು ಬಾಯಿಬಿಟ್ಟು ಹೇಳುವುದಿಲ್ಲ. ಆ ಜಾಗಕ್ಕೆ ಸದ್ದಿಲ್ಲದೆ ಸೊನ್ನೆ ತುಂಬಿ, ಎಲ್ಲ ಸರಿಯಾಗಿದೆ ಎಂದು ಸುಳ್ಳು ಒಪ್ಪಿಸುತ್ತವೆ. ಅದಕ್ಕೇ ಇಪ್ಪತ್ತೆರಡು ವರ್ಷಗಳ ಹಿಂದೆ, ನೋಯ್ಡಾದ ಪುಟ್ಟ ಕಂಪನಿಯೊಂದರಲ್ಲಿ ಕೂತು, ಡ್ರೈವಿಗೂ ಕಂಪ್ಯೂಟರಿಗೂ ನಡುವೆ ನಿಂತು ಓದಿಸುವ ‘ಲೈಬ್ರರಿ ಫೈಲ್’ ಎಂಬ ಒಂದು ಪುಟ್ಟ ಪ್ರೋಗ್ರಾಂ ಬರೆದ. ಅದು ಡಿಸ್ಕಿನ ಪ್ರತಿ ತುಣುಕನ್ನೂ ಎರಡು ಸಲ ಓದಿ ತಾಳೆ ನೋಡುತ್ತಿತ್ತು; ತಾಳೆಯಾಗದಿದ್ದರೆ ಮತ್ತೆ ಮತ್ತೆ ಓದುತ್ತಿತ್ತು. ಕೊನೆಗೆ ವರದಿಯ ಬುಡದಲ್ಲಿ ತಾನಾಗಿಯೇ ಒಂದು ಸಾಲು ಅಚ್ಚಾಗುತ್ತಿತ್ತು: ‘ಎರಡು ಸಲ ಓದಿ ತಾಳೆ ನೋಡಲಾಗಿದೆ – ಏಕನಾಥ.’

ಹೊಸ ಹುಡುಗರು ಅದನ್ನು ‘ಲೆಗಸಿ’, ಅಂದರೆ ಅಜ್ಜನ ಕಾಲದ ಸರಕು, ಎಂದು ಕರೆದು ನಗುತ್ತಿದ್ದರು. ನಗಲಿ ಬಿಡಿ, ಹಳೆಯ ಡಿಸ್ಕ್‌ಗಳ ಪೆಟ್ಟಿಗೆ ಬಂದಾಗಲೆಲ್ಲ ಅವರೂ ಆ ಫೈಲಿನ ಕಾಲಿಗೇ ಬೀಳುತ್ತಿದ್ದರು.

ಡ್ರೈವನ್ನು ನಂಬದ ಈ ಪುಣ್ಯಾತ್ಮ, ಮನುಷ್ಯರನ್ನು ಮಾತ್ರ ಕಣ್ಣುಮುಚ್ಚಿ ನಂಬುತ್ತಿದ್ದ. ಅದರಲ್ಲೂ ಸುದರ್ಶನನನ್ನು. ದಾವಣಗೆರೆಯಿಂದ ಕೆಲಸ ಹುಡುಕಿಕೊಂಡು ಬಂದ ಸುದರ್ಶನ ಎಂಟು ತಿಂಗಳು ಏಕನಾಥನ ಮನೆಯಲ್ಲೇ ಉಂಡು ಮಲಗಿದವನು. ಆ ಫೈಲಿನ ಒಳಹೊರಗನ್ನೆಲ್ಲ ಅವನಿಂದಲೇ ಕಲಿತವನು. ಈಗ ಅದೇ ಕಂಪನಿಯಲ್ಲಿ ಮ್ಯಾನೇಜರ್, ಏಕನಾಥನಿಗೇ ಮೇಲಧಿಕಾರಿ. ‘ಅಣ್ಣಾ’ ಎನ್ನುವುದನ್ನು ಮಾತ್ರ ಬಿಟ್ಟಿರಲಿಲ್ಲ.

ಕಳೆದ ವರ್ಷ ಏಕನಾಥನ ಹೆಸರು ಕೇಳಿಕೊಂಡು ಧಾರಿಣಿ ಮೇಡಂ ಬಂದರು. ದೆಹಲಿಯ ವಿಶ್ವವಿದ್ಯಾಲಯವೊಂದರಲ್ಲಿ ಇತಿಹಾಸ ಕಲಿಸುವವರು. ಸ್ವಾತಂತ್ರ್ಯ ಬಂದ ಹೊಸತರಲ್ಲಿ ಕನ್ನಡನಾಡಿನಿಂದ ದೆಹಲಿಗೆ ಬಂದ ಟೈಪಿಸ್ಟರು, ನರ್ಸ್‌ಗಳು, ಅಡುಗೆಯವರು ಹೇಳಿದ್ದನ್ನೆಲ್ಲ ಹಿಂದೆ ಮನೆಮನೆ ತಿರುಗಿ ರೆಕಾರ್ಡ್ ಮಾಡಿ, ಇನ್ನೂರ ಹನ್ನೆರಡು ಸಿ.ಡಿ.ಗಳಲ್ಲಿ ತುಂಬಿಸಿಟ್ಟಿದ್ದರು. ಆ ಜನರಲ್ಲಿ ಈಗ ಒಬ್ಬರೂ ಉಳಿದಿಲ್ಲ. ಡಿಸ್ಕ್ ಓದಿಸುವ ಕೆಲಸವನ್ನು ಸುದರ್ಶನ ತಾನೇ ನೋಡಿಕೊಂಡ. ಮಾಡುತ್ತಿರುವವನು ಸುದರ್ಶನನಲ್ಲವೇ ಎಂದು ಏಕನಾಥ ಒಮ್ಮೆಯೂ ಇಣುಕಲಿಲ್ಲ.

ವರದಿ ಕೈಗೆ ಬಂದಾಗ ಧಾರಿಣಿ ಏಕನಾಥನನ್ನೇ ಕೇಳಿದರು: “ಡಿಪಾರ್ಟ್‌ಮೆಂಟಲ್ಲಿ ಕಪಾಟು ಖಾಲಿ ಮಾಡಿ ಅಂತಿದಾರೆ. ಡಿಸ್ಕ್‌ಗಳನ್ನ ಕಬಾಡಿಯವನ ಗುಜರಿಗೆ ಕೊಟ್ಟುಬಿಡ್ಲಾ?”

“ಕೊಡಿ ಮೇಡಂ. ಕೆಳಗೆ ನನ್ನ ಹೆಸರಿದೆಯಲ್ಲ” ಎಂದ ಏಕನಾಥ, ಸ್ವಲ್ಪ ಹೆಮ್ಮೆಯಿಂದಲೇ.

ಮೊನ್ನೆ ಅವರ ಫೋನು ಬಂತು. ನರ್ಸ್ ಗಿರಿಜಮ್ಮ ನಿರಾಶ್ರಿತರ ಶಿಬಿರದಲ್ಲಿ ಹೆರಿಗೆ ಮಾಡಿಸಿದ ಕಥೆ ಹೇಳುತ್ತಾ “ಆಮೇಲೆ ಏನಾಯ್ತು ಅಂದ್ರೆ” ಎನ್ನುತ್ತಾರಂತೆ. ಅಲ್ಲಿಂದ ಹನ್ನೊಂದು ನಿಮಿಷ ಏನೂ ಇಲ್ಲ. ಇನ್ನೂ ಎಷ್ಟೋ ದನಿಗಳು ಹೀಗೇ ಅರ್ಧಕ್ಕೆ ನಿಂತಿವೆಯಂತೆ. ಮತ್ತೆ ಓದಿಸೋಣವೆಂದರೆ ಡಿಸ್ಕ್‌ಗಳು ಆಗಲೇ ಗುಜರಿ ಸೇರಿದ್ದವು. ಏಕನಾಥ ಫೈಲ್ ತೆರೆದು ನೋಡಿದ. ಎರಡನೆಯ ಸಲ ಓದಿಸುವ ಸಾಲುಗಳನ್ನೇ ಕಿತ್ತುಹಾಕಲಾಗಿತ್ತು. ಅವನ ಹೆಸರಿನ ಸಾಲು ಮಾತ್ರ ಇದ್ದಲ್ಲೇ ಇತ್ತು. ಬದಲಾಯಿಸಿದವರು ಯಾರು ಎಂಬ ಕಡೆ ಸುದರ್ಶನನ ಹೆಸರಿತ್ತು. ಬೇರೆ ಯಾರಾಗಿದ್ದರೂ ಏಕನಾಥ ಕೂಗಾಡುತ್ತಿದ್ದ. ಈ ಹೆಸರನ್ನು ಮಾತ್ರ ಎರಡು ಸಲ ಓದಿ ನೋಡಿದ. ಎದ್ದು ಸುದರ್ಶನನ ಕ್ಯಾಬಿನ್ನಿಗೇ ಹೋದ.

“ಅರ್ಧ ಟೈಮಲ್ಲಿ ಮುಗಿಸಬೇಕಿತ್ತು ಅಣ್ಣಾ” ಎಂದ ಸುದರ್ಶನ, ನಾಚಿಕೆಯಿಲ್ಲದೆ. “ಇನ್ನೂರು ಡಿಸ್ಕ್ ಯಾರು ಕೂತು ಕೇಳ್ತಾರೆ ಅಂದ್ಕೊಂಡೆ.”

“ನನ್ನ ಹೆಸರು ಯಾಕೋ ಬಿಟ್ಟೆ?”

“ಅದಿಲ್ದಿದ್ರೆ ಮೇಡಂ ರಿಪೋರ್ಟ್ ಒಪ್ತಿರಲಿಲ್ಲ. ಅವರಿಗೆ ನಿಮ್ಮ ಮೇಲೇ ಭರೋಸಾ. ಅಚ್ಛಾ, ಡಿಸ್ಕೇ ಹಾಳಾಗಿತ್ತು ಅಂತ ಹೇಳಿಬಿಡಿ. ಚಲೋ, ಮುಗೀತು.”

ಬೇಲಿಯೇ ಎದ್ದು ಹೊಲ ಮೇಯ್ದರೆ ಯಾರಿಗೆ ದೂರುವುದು! ಹಾಕಿದ ಅನ್ನದ ಲೆಕ್ಕ ಇಡುವವನಲ್ಲ ಏಕನಾಥ. ಆದರೆ ತನ್ನ ಮೇಲಿನ ನಂಬಿಕೆಯನ್ನೇ ಇವನು ಮೋಸದ ಸಾಮಾನು ಮಾಡಿಕೊಂಡದ್ದು ಅವನಿಗೆ ತಡೆಯಲಾಗಲಿಲ್ಲ. ಕ್ಯಾಬಿನ್ನಿನಿಂದ ಹೊರಬಿದ್ದು ಮೆಟ್ರೊ ಹತ್ತಿದ.

ಧಾರಿಣಿಯ ಎದುರು ಕೂತು ನಡೆದದ್ದನ್ನೆಲ್ಲ ಹೇಳಿದ. ಯಾರು ಕಿತ್ತರು, ಯಾಕೆ ಕಿತ್ತರು, ತನಗೆ ಹೇಗೆ ಗೊತ್ತಾಗಲಿಲ್ಲ, ಯಾವುದನ್ನೂ ಬಚ್ಚಿಡಲಿಲ್ಲ. ಅವರು ಕೊನೆಯವರೆಗೂ ಕೇಳಿಸಿಕೊಂಡರು.

“ಆ ಸುದರ್ಶನ್ ಯಾರೋ ನನಗೆ ಗೊತ್ತಿಲ್ಲ ಏಕನಾಥ್” ಎಂದರು. “ಡಿಸ್ಕ್‌ಗಳನ್ನ ಕೊಟ್ಟುಬಿಡಿ ಅಂದಿದ್ದು ನೀವು.”