ಮುದ್ದೆ ಕಟ್ಟುವ ಕೈಯ ಸೀಗಡಿ ಕೋಸಂಬರಿ

ಬೆಳಗಿನ ಐದೂವರೆ. ಕೊಡಿಗೇನಹಳ್ಳಿಗೆ ಹಿಂದೂಪುರದ ಮೊದಲ ಬಸ್ಸು ಇನ್ನೂ ಬಂದಿಲ್ಲ. ನಿಲ್ದಾಣದ ಪಕ್ಕದ ಊಟದ ಮನೆಯಲ್ಲಿ ದಾಸಮ್ಮ ಕಬ್ಬಿಣದ ಬಾಣಲೆಯಲ್ಲಿ ಒಣ ಸೀಗಡಿ ಹುರಿಯುತ್ತಿದ್ದಾರೆ. ವಾಸನೆಗೆ ಬೀದಿ ನಾಯಿಗಳೆಲ್ಲ ಬಾಗಿಲಲ್ಲಿ ಹಾಜರು. "ನಿಮ್ಗೂ ಸಕ್ರೆ ಕಾಯ್ಲೆ ಏನ್ರಲಾ?" ಎಂದು ಗದರುತ್ತಲೇ ಸೀಗಡಿಯ ತಲೆ, ಬಾಲ ಮುರಿದು ಅವಕ್ಕೆ ಎಸೆಯುತ್ತಾರೆ. ಉಳಿದದ್ದನ್ನು ಉಪ್ಪು ಹೋಗುವಂತೆ ಬಿಸಿನೀರಿನಲ್ಲಿ ನೆನೆಸಿ ಹಿಂಡಿ, ಹೆಚ್ಚಿದ ಸೌತೆಕಾಯಿ, ಮಾವಿನಕಾಯಿ, ಹಸಿಮೆಣಸು, ಕೊತ್ತಂಬರಿ, ಹಿಡಿ ಕಾಯಿತುರಿ ಬೆರೆಸುತ್ತಾರೆ. ರಾಮನವಮಿಯ ಕೋಸಂಬರಿಯಲ್ಲಿ ಹೆಸರುಬೇಳೆ ಇರುವ ಜಾಗದಲ್ಲಿ ಇಲ್ಲಿ ಕಡಲಿನ ಸೀಗಡಿ ಬಂದು ಕೂತಿದೆ.

ನಲವತ್ತಾರರ ದಾಸಮ್ಮ ಇಲ್ಲಿ ಅಡುಗೆಗೆ ನಿಂತು ಹನ್ನೊಂದು ವರ್ಷ. ದಿನಕ್ಕೆ ನೂರಿಪ್ಪತ್ತು ರಾಗಿಮುದ್ದೆ ಕಟ್ಟುವ ಕೈ. ಅದೇ ಕೈ ಮುದ್ದೆಯಿಲ್ಲದ ತಟ್ಟೆಯನ್ನೂ ಬಡಿಸುತ್ತದೆ ಎಂಬುದು ಊರಿಗೆಲ್ಲ ತಮಾಷೆ. ದಾಸಮ್ಮನಿಗೆ ಮಾತ್ರ ಅದು ಗಂಡನ ಕಾಲ್ಬೆರಳಿನ ಮಾತಾಗಿತ್ತು.

ಎರಡು ವರ್ಷದ ಹಿಂದೆ, ೧೯೮೩ರಲ್ಲಿ, ಗಂಡ ಕದರಪ್ಪನವರ ಎಡಗಾಲಿನ ಹೆಬ್ಬೆರಳಿಗೆ ಕಲ್ಲು ತಾಗಿ ಆದ ಗಾಯ ಮಾಯಲೇ ಇಲ್ಲ. ಮಧುಗಿರಿಯ ಡಾಕ್ಟರು ಮೂತ್ರವನ್ನು ನೀಲಿ ಔಷಧಿಗೆ ಹಾಕಿ ಗಾಜಿನ ಕೊಳವೆಯಲ್ಲಿ ಕಾಯಿಸಿದರು. ನೀಲಿ ಹೋಗಿ ಇಟ್ಟಿಗೆ ಬಣ್ಣ ಬಂತು. ಅಂದರೆ ಸಕ್ಕರೆ ವಿಪರೀತ. ಮಾತ್ರೆ ಬರೆದುಕೊಟ್ಟು, "ಮುದ್ದೆ, ಅನ್ನ ಬಿಡಿಸಿ. ಇಳಿಯದಿದ್ದರೆ ಬೆರಳು ತೆಗೀಬೇಕಾಗುತ್ತೆ" ಎಂದರು.

ದಾಸಮ್ಮ ಅಂದೇ ಮುದ್ದೆ, ಅನ್ನ ಎರಡನ್ನೂ ನಿಲ್ಲಿಸಿದರು. ತಿಂಗಳು ಬಿಟ್ಟು ಹೋದರೆ ಕೊಳವೆಯಲ್ಲಿ ಮತ್ತೆ ಅದೇ ಇಟ್ಟಿಗೆ ಬಣ್ಣ. ಏನು ಕೊಡುತ್ತಿದ್ದೀರಿ ಎಂದು ಡಾಕ್ಟರು ಕೇಳಿದಾಗ ಇವರು ಹೆಮ್ಮೆಯಿಂದಲೇ ಹೇಳಿದರು: ಮೂರು ಹೊತ್ತೂ ರಾಗಿ ಅಂಬಲಿ!

"ಮುದ್ದೆ ಬ್ಯಾಡ ಅಂದಿದ್ರು, ಅಂಬ್ಲಿ ಬ್ಯಾಡ ಅಂದಿರ್ನಿಲ್ಲ. ನೀರ್‌ನೀರಾಗಿ ಕುಡುದ್ರೆ ಅದೂ ಒಂದ್ ಊಟನಾ ಅನ್ಕಂಡಿದ್ದೆ ಸಾ. ನನ್ ಕೈಯಾರೆ ಅವ್ರ ಬೆಳ್ಳು ಕಳೀತಿದ್ನಲ್ಲಾ ಅಂತ ಬಸ್ಸಲ್ಲಿ ಊರು ಬರೋಗಂಟ ಅತ್ತೆ," ಎನ್ನುವಾಗ ಈಗಲೂ ಅವರ ದನಿ ಇಳಿಯುತ್ತದೆ.

ಡಾಕ್ಟರು ಬೈಯಲಿಲ್ಲ. ಅಂಬಲಿಯೂ ಅದೇ ರಾಗಿ, ಅದೂ ಬೇಡ ಎಂದರು. ಮೀನು, ಮೊಟ್ಟೆ, ಸೊಪ್ಪು, ಹಸಿ ತರಕಾರಿ ಕೊಡಿ ಎಂದು ಬಿಡಿಸಿ ಹೇಳಿದರು. ಬರಿಯ ಹಸಿ ತರಕಾರಿ ಕಂಡ ಕದರಪ್ಪನವರು "ಲೇ, ನನ್ನೇನು ಮೇಕೆ ಅನ್ಕಂಡಿದ್ದೀಯಾ?" ಎಂದು ತಟ್ಟೆ ತಳ್ಳಿದರು. ಸಂತೆಯ ಒಣ ಸೀಗಡಿ ಎಂದರೆ ಅವರಿಗೆ ಪಂಚಪ್ರಾಣ. ದಾಸಮ್ಮ ಅದನ್ನೇ ಕೋಸಂಬರಿಗೆ ಬೆರೆಸಿದರು. ತಟ್ಟೆ ಖಾಲಿಯಾಯಿತು. ಬೇಸಿಗೆಗೆ ಮಾವಿನಕಾಯಿ, ಮಳೆಗಾಲಕ್ಕೆ ನಿಂಬೆಹುಳಿ, ಚಳಿಗೆ ಮೂಲಂಗಿ. ಕೆರೆ ತುಂಬಿದ ವರ್ಷ ಕೆರೆಮೀನು ಸುಟ್ಟು ಮುಳ್ಳು ಬಿಡಿಸಿ ಹಾಕುವುದೂ ಉಂಟು.

ನಾಲ್ಕು ತಿಂಗಳ ಮೇಲೆ ಡಾಕ್ಟರು ಕೊಳವೆಯನ್ನು ಕಿಟಕಿಯ ಬೆಳಕಿಗೆ ಹಿಡಿದರು. "ಕಾಯ್ಸುದ್ರೂ ನೀಲಿ ನೀಲಿಯಾಗೇ ಐತೆ! ಗಾಯನೂ ಒಣಗೈತೆ, ಬೆಳ್ಳು ತೆಗ್ಯಂಗಿಲ್ಲ ಅಂದ್ರು. ಹೋದ್ ಜೀವ ಬಂದಂಗಾಯ್ತು ಸಾ," ಎನ್ನುತ್ತಾರೆ ದಾಸಮ್ಮ.

ಸುದ್ದಿ ಬಸ್ಸಿನ ಜೊತೆಗೇ ಊರೂರು ಸುತ್ತಿತು. ಈಗ ಸಕ್ಕರೆ ಕಾಯಿಲೆಯವರಿಗೆಂದೇ ದಿನಕ್ಕೆ ಇಂಥವು ಒಂಬತ್ತು ತಟ್ಟೆ. ಡ್ರೈವರ್ ದೊಡ್ಡಹನುಮಯ್ಯನವರು "ನಮ್ಮನೇಲಿ ಇಂಗೆ ಮಾಡಾಕೆ ಬರಾಕಿಲ್ಲ ಕಣಕ್ಕ" ಎನ್ನುತ್ತಾ ದಿನವೂ ಬಂದು ಕೂರುತ್ತಾರೆ. ಹೊಸಬರು ಯಾರೇ ಬರಲಿ, ದಾಸಮ್ಮ ಬಡಿಸುವ ಮುಂಚೆ "ಮನೇಲಿ ಅಂಬ್ಲಿ ಕುಡೀತೀರಾ?" ಎಂದು ವಿಚಾರಿಸಿಯೇ ಬಿಡುತ್ತಾರೆ.

ಇನ್ನೇನು ಆಸೆ ಎಂದು ಕೇಳಿದರೆ ಸೆರಗಿಗೆ ಕೈ ಒರೆಸಿಕೊಂಡು, ಜಗಲಿಯ ಮೇಲೆ ಕಾಲು ಚಾಚಿ ಕೂತ ಗಂಡನ ಕಡೆ ನೋಡುತ್ತಾರೆ.

"ಏನೂ ಬ್ಯಾಡ ಸಾ. ದಿನಾ ಅವ್ರು ಕಾಲು ತೊಳ್ಕಳೋವಾಗ ಬೆಳ್ಳು ಎಣುಸ್ತೀನಿ. ಹುಚ್ಚಿ ಅಂತ ನಗ್ತಾರೆ. ನಗ್ಲಿ ಬುಡಿ. ಹತ್ತೂ ಅವೆ."